ಮಾತಿನ ಸ್ನಾಯುಗಳಿಗೆ ಮಾತೇ ವ್ಯಾಯಾಮ

ಪಾರ್ಶ್ವವಾಯು, ಪಾರ್ಕಿನ್ಸನ್ ಕಾಯಿಲೆ, ತಲೆಗೆ ಬಿದ್ದ ಪೆಟ್ಟು ಮುಂತಾದ ಕಾರಣಗಳಿಂದ ನರವ್ಯೂಹಕ್ಕೆ ಹಾನಿಯಾಗಿ, ತುಟಿ, ನಾಲಿಗೆ, ದವಡೆ, ಧ್ವನಿತಂತು ಹಾಗೂ ಉಸಿರಾಟದ ಸ್ನಾಯುಗಳ ಮೇಲಿನ ಹತೋಟಿ ತಪ್ಪಿ ಮಾತು ಅಸ್ಪಷ್ಟವಾಗುವ ಸ್ಥಿತಿಯನ್ನು ಡಿಸಾರ್ಥ್ರಿಯಾ ಎನ್ನುತ್ತಾರೆ. ಪದಗಳೇ ಹೊಳೆಯದ, ಕೇಳಿದ್ದು ಅರ್ಥವಾಗದ ಅಫೇಸಿಯಾ ಇದರಿಂದ ಬೇರೆಯಾದ ತೊಂದರೆ. ಎರಡೂ ಒಟ್ಟಿಗೆ ಬರುವುದುಂಟಾದರೂ, ಡಿಸಾರ್ಥ್ರಿಯಾ ಒಂದೇ ಇರುವವರ ಮನಸ್ಸಿನಲ್ಲಿ ಹೇಳಬೇಕಾದ ವಾಕ್ಯ ಪೂರ್ತಿಯಾಗಿಯೇ ಇರುತ್ತದೆ. ಹಾಗಿದ್ದೂ ನಾಲಿಗೆ ತೊದಲಿದೊಡನೆ ಬುದ್ಧಿಯೂ ಮಂಕಾಯಿತೆಂದು ತಿಳಿದು, ರೋಗಿಯನ್ನು ಬಿಟ್ಟು ಜೊತೆಗೆ ಬಂದವರನ್ನೇ ಎಲ್ಲವನ್ನೂ ಕೇಳುವ ರೂಢಿ ಇರುವುದು ನೋವಿನ ಸಂಗತಿ.

ಹಾನಿ ನರವ್ಯೂಹದ ಯಾವ ಭಾಗದಲ್ಲಾಗಿದೆ ಎಂಬುದಕ್ಕೆ ತಕ್ಕಂತೆ ಮಾತು ಕೆಡುವ ಬಗೆಯೂ ಬೇರೆಬೇರೆಯಾಗಿರುತ್ತದೆಯೆಂದು ಅಮೆರಿಕದ ಮೇಯೊ ಕ್ಲಿನಿಕ್ಕಿನ ಡಾರ್ಲಿ, ಆರನ್ಸನ್ ಮತ್ತು ಬ್ರೌನ್ 1969ರಲ್ಲಿ ವಿವರವಾಗಿ ತೋರಿಸಿದರು. ಕಿರುಮೆದುಳಿಗೆ ಏಟಾದರೆ ಮಾತಿನ ಲಯ ತಪ್ಪಿ ಅದು ತೂರಾಡುತ್ತದೆ. ಪಾರ್ಕಿನ್ಸನ್ನಿನಲ್ಲಿ ದನಿ ಮೆತ್ತಗಾಗಿ ಏರಿಳಿತವಿಲ್ಲದೆ ಸಾಗುತ್ತದೆ. ಸ್ನಾಯುವಿಗೆ ನೇರವಾಗಿ ಹೋಗುವ ನರ ಸೊರಗಿದರೆ ಆ ಸ್ನಾಯು ಜೋಲುಬೀಳುತ್ತದೆ. ಅಂಗುಳದ ಹಿಂಬದಿಯ ಮೆತ್ತನೆಯ ಭಾಗವಾದ ಮೃದು ತಾಲು ಹೀಗೆ ದುರ್ಬಲವಾದಾಗ, ಬಾಯಿಯಲ್ಲಿ ತಡೆದು ನಿಲ್ಲಬೇಕಾದ ಉಸಿರು ಮೂಗಿಗೆ ಸೋರಿ, ‘ಬಳೆ’ ಎಂದದ್ದು ‘ಮಳೆ’ ಎಂದು, ‘ಬರ’ ಎಂದದ್ದು ‘ಮರ’ ಎಂದು ಕೇಳಿಸುತ್ತದೆ. ನಾಲಿಗೆಯ ತುದಿ ಹಿಂದಕ್ಕೆ ಮಡಚಿಕೊಳ್ಳಲಾಗದವರ ಬಾಯಲ್ಲಿ ‘ಕಳೆ’ಯೂ ‘ಕಲೆ’ಯೂ ಒಂದೇ ಆಗಬಹುದು.

ಇಂಥವರಿಗೆ ಕೆನ್ನೆ ಉಬ್ಬಿಸುವುದು, ನಾಲಿಗೆ ಚಾಚಿ ಎಡಬಲಕ್ಕೆ ಆಡಿಸುವುದು, ಶಿಳ್ಳೆ ಹಾಕುವುದು ಮುಂತಾದ ಬಾಯಿಯ ವ್ಯಾಯಾಮಗಳನ್ನು ಹೇಳಿಕೊಡುವುದು ಬಹುಕಾಲದಿಂದ ನಡೆದುಬಂದಿದೆ. ಆದರೆ ಮಾತಿಗೆ ಬೇಕಾಗುವುದು ತುಟಿ, ನಾಲಿಗೆಗಳ ಗರಿಷ್ಠ ಬಲದ ಸಣ್ಣ ಪಾಲು ಮಾತ್ರ. ಅದಕ್ಕಿಂತ ಮುಖ್ಯವಾದದ್ದು ಹಲವು ಸ್ನಾಯುಗಳು ಕ್ಷಣದ ಭಾಗದಲ್ಲಿ ಒಂದಕ್ಕೊಂದು ಹೊಂದಿಕೊಂಡು ಕೆಲಸ ಮಾಡುವ ಕೌಶಲ. ಮೆದುಳು ಯಾವ ಚಲನೆಯನ್ನು ಕಲಿಯಬೇಕೋ ಅದನ್ನೇ ಮತ್ತೆ ಮತ್ತೆ ಮಾಡಿಸಬೇಕು ಎಂಬುದು ಚಲನೆಯ ಕಲಿಕೆಯ ನಿಯಮವಾದ್ದರಿಂದ, ಈಜು ಕಲಿಯಲು ನೀರಿಗಿಳಿಯಬೇಕಾದಂತೆ ಮಾತು ಮರಳಿ ಪಡೆಯಲು ಮಾತನ್ನೇ ಆಡಬೇಕಾಗುತ್ತದೆ. ಬಾಯಿಯ ಬರಿಯ ವ್ಯಾಯಾಮದಿಂದ ಮಾತು ಸ್ಪಷ್ಟವಾಗುತ್ತದೆ ಎಂಬುದಕ್ಕೆ ಗಟ್ಟಿಯಾದ ಆಧಾರ ದೊರೆತಿಲ್ಲ. ಪಾರ್ಶ್ವವಾಯುವಿನ ನಂತರದ ಡಿಸಾರ್ಥ್ರಿಯಾ ಕುರಿತು 2017ರಲ್ಲಿ ಪ್ರಕಟವಾದ, ನಡೆದ ಪ್ರಯೋಗಗಳನ್ನೆಲ್ಲ ಒಟ್ಟಾಗಿ ಪರಿಶೀಲಿಸುವ ಕಾಕ್ರೇನ್ ವಿಮರ್ಶೆಗೆ ಸಿಕ್ಕಿದ್ದು ಒಟ್ಟು 234 ಮಂದಿಯ ಐದು ಚಿಕ್ಕ ಪ್ರಯೋಗಗಳು ಮಾತ್ರವೆಂಬುದನ್ನು ನೋಡಿದರೆ, ಇಡೀ ಕ್ಷೇತ್ರಕ್ಕೇ ಇನ್ನಷ್ಟು ಸಂಶೋಧನೆ ಎಷ್ಟು ಅಗತ್ಯವೆಂಬುದು ತಿಳಿಯುತ್ತದೆ. ದುಡಿದಷ್ಟೂ ಸ್ನಾಯು ಬೇಗ ದಣಿಯುವ ಮಯಸ್ತೇನಿಯಾ ಗ್ರೇವಿಸ್‌ನಂಥ ಕಾಯಿಲೆಯಲ್ಲಂತೂ ವಿಡಿಯೊ ನೋಡಿಕೊಂಡು ತಾವಾಗಿಯೇ ಬಾಯಿಯ ವ್ಯಾಯಾಮಗಳನ್ನು ಮಾಡುವುದು ಇದ್ದ ಶಕ್ತಿಯನ್ನೂ ಕಳೆಯಬಹುದು.

ಹಾಗಾಗಿ ವಾಕ್ ಚಿಕಿತ್ಸಕರು ಮೊದಲು ರೋಗಿಯಿಂದ ‘ಪ-ತ-ಕ’ ಎಂದು ಬೇಗಬೇಗ ಹೇಳಿಸಿ ತುಟಿ, ನಾಲಿಗೆಯ ತುದಿ ಮತ್ತು ನಾಲಿಗೆಯ ಹಿಂಭಾಗಗಳಲ್ಲಿ ಯಾವುದು ಹಿಂದೆ ಬೀಳುತ್ತಿದೆಯೆಂದು ಗುರುತಿಸಿ, ಬಳಿಕ ಅವರಿಗೆ ದಿನಬಳಕೆಯಲ್ಲಿ ಬೇಕಾದ ಪದ, ವಾಕ್ಯಗಳಲ್ಲೇ ಅಭ್ಯಾಸ ಮಾಡಿಸುತ್ತಾರೆ. ಪಾರ್ಕಿನ್ಸನ್ ರೋಗಿಗಳಿಗೆಂದು ಲೊರೇನ್ ರಾಮಿಗ್ ಮತ್ತು ಸಂಗಡಿಗರು 1980ರ ದಶಕದಲ್ಲಿ ರೂಪಿಸಿದ, ಲೀ ಸಿಲ್ವರ್‌ಮನ್ ಎಂಬ ರೋಗಿಯ ಹೆಸರನ್ನೇ ಹೊತ್ತ ಚಿಕಿತ್ಸೆ ಈ ತತ್ತ್ವದ ಒಳ್ಳೆಯ ನಿದರ್ಶನ: ವಾರಕ್ಕೆ ನಾಲ್ಕರಂತೆ ನಾಲ್ಕು ವಾರ ನಡೆಯುವ ಒಂದೊಂದು ಗಂಟೆಯ 16 ತರಗತಿಗಳಲ್ಲಿ ಕಲಿಸುವುದು ‘ಗಟ್ಟಿಯಾಗಿ ಮಾತನಾಡಿ’ ಎಂಬ ಒಂದನ್ನೇ ಆದರೂ, ದನಿ ಏರಿದಾಗ ಉಚ್ಚಾರಣೆಯೂ ಅದರ ಬೆನ್ನಿಗೆ ತಿಳಿಯಾಗುತ್ತದೆ. ಕನ್ನಡಿಗರ ಪಾಲಿಗೆ, 1965ರಲ್ಲಿ ಮೈಸೂರಿನಲ್ಲಿ ಆರಂಭವಾದ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇಂಥ ಚಿಕಿತ್ಸೆಗೂ ಚಿಕಿತ್ಸಕರ ತರಬೇತಿಗೂ ಹತ್ತಿರದ ಆಸರೆಯಾಗಿದೆ.

ಅಭ್ಯಾಸದ ನಂತರವೂ ಮಾತು ಸಾಲದವರಿಗೆ ಅಕ್ಷರಮಾಲೆಯ ಹಲಗೆಯೊಂದನ್ನು ಕೊಟ್ಟು, ಪ್ರತಿ ಪದದ ಮೊದಲ ಅಕ್ಷರವನ್ನು ಬೆರಳಿಟ್ಟು ತೋರಿಸಿ ಆಮೇಲೆ ಆ ಪದವನ್ನು ಹೇಳುವಂತೆ ಕಲಿಸುವುದುಂಟು. ಇದರಿಂದ ಮಾತಿನ ವೇಗ ತಗ್ಗುತ್ತದೆ, ಕೇಳುವವರಿಗೂ ಸುಳಿವು ಸಿಗುತ್ತದೆ. ಮನೆಯವರು ಟಿ.ವಿ. ಆರಿಸಿ, ಎದುರು ಕೂತು, ‘ಇನ್ನೊಮ್ಮೆ ಹೇಳಿ’ ಎಂದಷ್ಟೇ ಕೇಳುವ ಬದಲು ‘ಬ್ಯಾಂಕಿಗೆ ಹೋಗಬೇಕು ಅಂದಿರಿ, ಯಾವತ್ತು?’ ಎಂದು ತಿಳಿದಷ್ಟನ್ನು ತಾವೇ ಹೇಳಿ ಉಳಿದದ್ದನ್ನು ಮಾತ್ರ ಕೇಳಿದರೆ, ಹೇಳುವವರ ಅರ್ಧ ಶ್ರಮ ಉಳಿಯುತ್ತದೆ.