ಜಗಳದ ವಿಡಿಯೊ ನಿಮ್ಮ ಫೋನಿಗೇ ಬರುವುದು ಹೇಗೆ?

ಕೆಂಗೇರಿಯಲ್ಲಿ ಮೆಟ್ರೊ ಹತ್ತಿ ವಿಜಯನಗರ ತಲುಪುವಷ್ಟರಲ್ಲಿ ಪಕ್ಕದವರ ಫೋನಿನಿಂದ ಒಂದಾದರೂ ಜಗಳ ಕಿವಿಗೆ ಬೀಳುತ್ತದೆ. ಎಷ್ಟೋ ಸಲ ಅದು ಕನ್ನಡದ 'ಬಿಗ್ ಬಾಸ್' ರಿಯಾಲಿಟಿ ಶೋನ ತುಣುಕು. ಇಡೀ ಎಪಿಸೋಡಿನಲ್ಲಿ ಕೂಗಾಡಿದ ಭಾಗವನ್ನಷ್ಟೇ ಕತ್ತರಿಸಿರುತ್ತಾರೆ. ಮೇಲೆ ಬಾಯಿ ತೆರೆದ ಮುಖದ ಥಂಬ್‌ನೇಲ್, ಅಂದರೆ ವಿಡಿಯೊದ ಮುಖಚಿತ್ರ. ಜಗಳಕ್ಕೆ ಮುಂಚೆ ಏನಾಯಿತು, ಆಮೇಲೆ ಇಬ್ಬರೂ ರಾಜಿಯಾದರೇ ಎಂಬುದು ಅದರಲ್ಲಿ ಇರುವುದಿಲ್ಲ.

ಇದೆಲ್ಲ ನಾಟಕವೇ? ಪೂರ್ತಿ ಅಲ್ಲ. ಸಿಟ್ಟು ನಿಜವೇ ಇರಬಹುದು. ಆದರೆ ಸಿಟ್ಟು ಬರುವಂಥ ಪರಿಸ್ಥಿತಿಯನ್ನು ಬೇಕೆಂದೇ ಕಟ್ಟಿರುತ್ತಾರೆ. ಸ್ಪರ್ಧಿಗಳು ಇರುವ 'ಬಿಗ್ ಬಾಸ್' ಮನೆಯಲ್ಲಿ ಫೋನಿಲ್ಲ, ಗಡಿಯಾರವಿಲ್ಲ, ದಿನಸಿಗೂ ಪೈಪೋಟಿ. 2024ರ 11ನೇ ಸೀಸನ್‌ನಲ್ಲಿ ಮನೆಯನ್ನೇ ಸ್ವರ್ಗ, ನರಕ ಎಂದು ಭಾಗ ಮಾಡಿದ್ದರು. ನರಕದಲ್ಲಿದ್ದವರ ಊಟ, ಶೌಚಾಲಯದ ವ್ಯವಸ್ಥೆ ಬಗ್ಗೆ ರಾಜ್ಯ ಮಹಿಳಾ ಆಯೋಗ ಪೊಲೀಸರಿಗೆ ಪತ್ರ ಬರೆಯಿತು. ಕುಂಬಳಗೋಡು ಠಾಣೆಯಿಂದ ಕಾರ್ಯಕ್ರಮದವರಿಗೆ ನೋಟಿಸ್ ಹೋಯಿತು. ಅದೇ ಸೀಸನ್‌ನಲ್ಲಿ ಕೈ ಕೈ ಮಿಲಾಯಿಸುವ ಮಟ್ಟಕ್ಕೆ ಹೋಗಿ ಇಬ್ಬರು ಹೊರಬಿದ್ದರು. ಸ್ಪರ್ಧಿಗಳು ಒಪ್ಪಿ ಸಹಿ ಹಾಕಿದ್ದಾರಲ್ಲ ಎನ್ನಬಹುದು. ಸಹಿ ಹಾಕಿದ ಮಾತ್ರಕ್ಕೆ ಅವಮಾನವನ್ನು ಆಟದ ನಿಯಮ ಮಾಡುವುದು ಸರಿಯಾಗುವುದಿಲ್ಲ.

'ಇಂಥ ವಿಡಿಯೊ ನನಗೆ ಇಷ್ಟವಿಲ್ಲ, ಆದರೂ ಬರುತ್ತದೆ' ಎನ್ನುವವರು ಬಹಳ. ಅಪಾಯ, ಕೂಗಾಟದ ಕಡೆಗೆ ಮನುಷ್ಯರ ಗಮನ ಬೇಗ ಹರಿಯುತ್ತದೆ; ಇದಕ್ಕೆ ನೆಗೆಟಿವಿಟಿ ಬಯಾಸ್ ಎನ್ನುತ್ತಾರೆ. ನೀವು ಬೇಸರದಿಂದಲೇ ನೋಡಿದರೂ ಎಷ್ಟು ಹೊತ್ತು ನೋಡಿದಿರಿ ಎಂಬುದು ದಾಖಲಾಗುತ್ತದೆ. ಯಾರಿಗೆ ಯಾವ ವಿಡಿಯೊ ತೋರಿಸಬೇಕೆಂದು ಲೆಕ್ಕ ಹಾಕುವ ಆಲ್ಗರಿದಂ ಆಗ ಅಂಥದ್ದನ್ನೇ ಇನ್ನಷ್ಟು ತಂದು ಮುಂದಿಡುತ್ತದೆ.

ನಿಮಗೆ ಈ ವಿಡಿಯೊ ಪುಕ್ಕಟೆ. ಆದರೆ ಯೂಟ್ಯೂಬ್‌ನಲ್ಲಿ ಹಣ ಗಳಿಸಲು ಅನುಮತಿ ಪಡೆದ ಚಾನೆಲ್‌ನ ದೊಡ್ಡ ವಿಡಿಯೊದಲ್ಲಿ ಬರುವ ಜಾಹೀರಾತು ಆದಾಯದ ಪ್ರತಿ 100 ರೂಪಾಯಿಯಲ್ಲಿ 55 ಚಾನೆಲ್‌ನವರಿಗೆ ಸೇರುತ್ತದೆ. ಕೆಳಗೆ ಬೈದು ಕಮೆಂಟ್ ಹಾಕಿದರೆ ಅವರಿಗೇನೂ ನಷ್ಟವಿಲ್ಲ.

ಇದನ್ನು ಕಡಿಮೆ ಮಾಡಲು ಯೂಟ್ಯೂಬ್‌ನಲ್ಲೇ ದಾರಿಯಿದೆ. ವಿಡಿಯೊ ಪಕ್ಕದ ಮೂರು ಚುಕ್ಕಿ ಒತ್ತಿ 'ಡೋಂಟ್ ರೆಕಮೆಂಡ್ ಚಾನೆಲ್' ಆರಿಸಿ. ವಾಚ್ ಹಿಸ್ಟರಿಯಿಂದ, ಅಂದರೆ ನೋಡಿದ ವಿಡಿಯೊಗಳ ಪಟ್ಟಿಯಿಂದ, ಜಗಳದವನ್ನು ಅಳಿಸಿ. ಆಟೊಪ್ಲೇ ಬಂದ್ ಮಾಡಿ. ಮನೆಯ ಟಿವಿಯಲ್ಲಿ ಎಲ್ಲರೂ ಒಂದೇ ಖಾತೆ ಬಳಸುತ್ತಿದ್ದರೆ ಅಲ್ಲೂ ಹೀಗೇ ಮಾಡಿ, ಮಕ್ಕಳ ಕಣ್ಣಿಗೆ ಮೊದಲು ಬೀಳುವುದು ಅದೇ.

ಜಗಳ ಕಮೆಂಟಿಗಿಳಿದು ಯಾರಾದರೂ ನಿಮಗೆ ಅಶ್ಲೀಲವಾಗಿ ಬರೆದರೆ, ಬೆದರಿಸಿದರೆ ಸುಮ್ಮನಿರಬೇಡಿ. 2025ರ ಜುಲೈನಲ್ಲಿ ನಟಿ ರಮ್ಯಾ ಇಂಥ ಸಂದೇಶಗಳ ವಿರುದ್ಧ ಬೆಂಗಳೂರು ಪೊಲೀಸ್ ಕಮಿಷನರ್‌ಗೆ ದೂರು ಕೊಟ್ಟರು. ಕೆಲವರ ಬಂಧನವೂ ಆಯಿತು. ಕೇಂದ್ರ ಸರ್ಕಾರದ ಸೈಬರ್ ಕ್ರೈಂ ಪೋರ್ಟಲ್‌ನಲ್ಲಿ ಅಥವಾ ಹತ್ತಿರದ ಠಾಣೆಯಲ್ಲಿ ನೀವೂ ದೂರು ಕೊಡಬಹುದು, ಶುಲ್ಕವಿಲ್ಲ. ಬರೆದವರು ಅಳಿಸಿಹಾಕುವ ಮುಂಚೆ ಸ್ಕ್ರೀನ್‌ಶಾಟ್ ತೆಗೆದುಕೊಳ್ಳಿ. ಖಾತೆಯ ಹೆಸರು, ಲಿಂಕ್, ದಿನಾಂಕ ಮೂರೂ ಇರಲಿ.