ಹೈದರ್ ಎಂದರೆ ಸಿಂಹ

ಕಲಿಕಾ ಕೇಂದ್ರಕ್ಕೆ ಬಂದವರು ಮೊದಲು ಬರೆಯಲು ಕಲಿಯುವುದು ತಮ್ಮ ಹೆಸರನ್ನು. ಹೆಸರು ಬರೆದ ಮೇಲೆ ಒಂದು ಪ್ರಶ್ನೆ ಬಂದೇ ಬರುತ್ತದೆ. "ಮೇಷ್ಟ್ರೇ, ಇದರ ಅರ್ಥ ಏನು?" ನರಸಿಂಹಯ್ಯ ಅಂದರೆ ಎಲ್ಲರೂ ಥಟ್ಟನೆ ಹೇಳುತ್ತಾರೆ. ಹೈದರ್ ಅಂದರೆ ಸುಮ್ಮನಾಗುತ್ತಾರೆ. "ಅದು ಸಾಬರ ಹೆಸರು" ಅಂದುಬಿಟ್ಟರೆ ಅರ್ಥ ಹೇಳಿದ ಹಾಗೆ ಆಗುವುದಿಲ್ಲ.

ಹೈದರ್ ಅರಬ್ಬಿ ಮಾತು. ಹೈದರ್ ಎಂದರೆ ಸಿಂಹ. ನರಸಿಂಹಯ್ಯನ ಹೆಸರಿನಲ್ಲಿ ಇರುವುದೂ ಸಿಂಹವೇ, ನೋಡಿ!

ಹಿಂದೆ ಅರಬ್ ನಾಡಿನಲ್ಲಿ ಸಿಂಹಗಳಿದ್ದವು. ನಾವು ನೀರಿಗೆ ಜಲ, ಗಂಗೆ ಅನ್ನುವ ಹಾಗೆ ಅಲ್ಲಿನವರು ಸಿಂಹಕ್ಕೆ ಹಲವು ಹೆಸರು ಇಟ್ಟಿದ್ದರು. ಅಸದ್, ಅಬ್ಬಾಸ್, ಹೈದರ್ ಎಲ್ಲವೂ ಸಿಂಹವೇ.

ಈ ಹೆಸರಿಗೆ ಗೌರವ ಬಂದದ್ದು ಹಜರತ್ ಅಲಿ ಅವರಿಂದ. ಅವರು ಪ್ರವಾದಿ ಮುಹಮ್ಮದರ ಅಳಿಯ. ದೊಡ್ಡ ವೀರರು. ಅವರು ಹುಟ್ಟಿದಾಗ ತಾಯಿ ಇಟ್ಟ ಹೆಸರು ಹೈದರ್ ಎಂದು ಹೇಳುತ್ತಾರೆ. ಆ ತಾಯಿಯ ತಂದೆಯ ಹೆಸರು ಅಸದ್. ಅಂದರೆ ತಾತನ ಹೆಸರೇ ಮೊಮ್ಮಗನಿಗೆ ಬಂತು, ಮಾತು ಮಾತ್ರ ಬೇರೆ. ನಮ್ಮ ಮನೆಗಳಲ್ಲೂ ತಾತನ ಹೆಸರು ಇಡುತ್ತೇವಲ್ಲ! ಮೊಹರಂ ಹಬ್ಬದಲ್ಲಿ ನಮ್ಮ ಹಳ್ಳಿಗಳ ಹಿಂದೂಗಳೂ ಮುಸ್ಲಿಮರೂ ನೆನೆಯುವ ಹಸನ್, ಹುಸೇನ್ ಇದೇ ಅಲಿಯವರ ಮಕ್ಕಳು.

ಅರಬ್ಬಿಯ ಈ ಹೆಸರು ನಮ್ಮ ಕಡೆ ಹೆಚ್ಚಾಗಿ ಹರಡಿದ್ದು ಪಾರಸಿಯ ಜೊತೆ. ಪಾರಸಿ ಇರಾನ್ ದೇಶದ ಭಾಷೆ. ಬಿಜಾಪುರದ ಸುಲ್ತಾನರ ದರ್ಬಾರಿನಲ್ಲೂ ಅದು ನಡೆಯುತ್ತಿತ್ತು. ಅರ್ಜಿ, ಜಮೀನು ಎಂಬ ಮಾತುಗಳೂ ಅದೇ ದಾರಿಯಲ್ಲಿ ಕನ್ನಡಕ್ಕೆ ಬಂದವು.

ಹೈದರ್ ಎಂದ ಕೂಡಲೇ ನಮಗೆ ನೆನಪಾಗುವವನು ಹೈದರಾಲಿ. ಕೋಲಾರ ಜಿಲ್ಲೆಯ ಬೂದಿಕೋಟೆಯಲ್ಲಿ ಹುಟ್ಟಿದವನು. ಸೈನ್ಯಕ್ಕೆ ಸೇರಿ, ಮೇಲೇರಿ, ಮೈಸೂರು ರಾಜ್ಯವನ್ನೇ ಆಳಿದ. 1782ರಲ್ಲಿ ತೀರಿಕೊಂಡ. ಅವನಿಗೆ ಓದು ಬರಹ ಬರುತ್ತಿರಲಿಲ್ಲ. ಕನ್ನಡ, ತೆಲುಗು, ಮರಾಠಿ ಎಲ್ಲ ಮಾತಾಡುತ್ತಿದ್ದ. ಭಾರಿ ಜ್ಞಾಪಕಶಕ್ತಿ. ಆದರೆ ರುಜು ಹಾಕಲು ತನ್ನ ಹೆಸರಿನ ಮೊದಲ ಅಕ್ಷರ ಒಂದನ್ನೇ ಕಷ್ಟಪಟ್ಟು ಕಲಿತಿದ್ದ. ಅದನ್ನೂ ತಿರುಗಿಸಿ ಬರೆಯುತ್ತಿದ್ದ ಎಂದು ಮೈಸೂರಿನ ಇತಿಹಾಸ ಬರೆದ ವಿಲ್ಕ್ಸ್ ಎಂಬ ಇಂಗ್ಲಿಷ್ ಅಧಿಕಾರಿ ಹೇಳುತ್ತಾನೆ. ಹೈದರಾಲಿಯಲ್ಲಿ ಇರುವುದು ಎರಡು ಹೆಸರು. ಹೈದರ್ ಎಂದರೆ ಸಿಂಹ, ಅಲಿ ಎಂದರೆ ಎತ್ತರದವನು.

ಹೈದರಾಬಾದ್ ಊರಿನ ಹೆಸರು ಅವನಿಂದ ಬಂದದ್ದಲ್ಲ. ಆ ಊರು ಕಟ್ಟಿದ್ದು 1591ರಲ್ಲಿ, ಅವನು ಹುಟ್ಟುವುದಕ್ಕೆ ನೂರು ವರ್ಷಕ್ಕೂ ಹಿಂದೆ. 'ಆಬಾದ್' ಎಂದರೆ ಜನ ನೆಲೆಸಿದ ಜಾಗ. ಬೀದರ್, ಗುಲ್ಬರ್ಗಾ, ರಾಯಚೂರು ಕಡೆಯನ್ನು ಮೊದಲು ಹೈದರಾಬಾದ್ ಕರ್ನಾಟಕ ಅನ್ನುತ್ತಿದ್ದರು. 2019ರಿಂದ ಅದು ಕಲ್ಯಾಣ ಕರ್ನಾಟಕ.

ಮೈಸೂರು ಕಡೆ ಹುಡುಗನಿಗೆ 'ಹೈದ' ಅಂತಾರೆ. ಅದೇ ಇದು ಅಂದುಕೊಳ್ಳಬೇಡಿ. ಹೈದ ಅಚ್ಚಗನ್ನಡ ಮಾತು.

ಇನ್ನು ಬರೆಯುವ ವಿಚಾರ. ಅರಬ್ಬಿಯನ್ನು ಬಲಗಡೆಯಿಂದ ಎಡಗಡೆಗೆ ಬರೆಯುತ್ತಾರೆ. ಅದರಲ್ಲಿ ಈ ಹೆಸರಿಗೆ ನಾಲ್ಕು ಅಕ್ಷರ. ಕನ್ನಡದಲ್ಲಿ ಮೂರೇ: ಹೈ, ದ, ರ್. ಬಾಯಲ್ಲಿ ನಾವು 'ಐದರ್' ಅಂದರೂ ನಡೆಯುತ್ತದೆ. ಕಾಗದದಲ್ಲಿ ನಡೆಯುವುದಿಲ್ಲ. ಪಡಿತರ ಚೀಟಿಯಲ್ಲಿ ಐದರ್, ಆಧಾರ್‌ನಲ್ಲಿ ಹೈದರ್, ಬ್ಯಾಂಕಿನ ಪುಸ್ತಕದಲ್ಲಿ ಹೈದರಲಿ ಅಂತ ಇದ್ದರೆ ಒಬ್ಬನೇ ಮನುಷ್ಯ ಮೂರು ಜನ ಆಗಿಬಿಡುತ್ತಾನೆ. ಪಿಂಚಣಿಗೆ ಅಲೆದಾಟ ಶುರು. ಈ ಮೂರನ್ನೂ ಪಕ್ಕಪಕ್ಕ ಇಟ್ಟು, ನಿಮ್ಮ ಹೆಸರನ್ನು ಒಂದೊಂದೇ ಅಕ್ಷರ ಓದಿ ನೋಡಿ.