ಜರಡಿ ದಾಟುವ ಧೂಳು

"ಕಣ್ಣಿಗಿ ಕಾಣೂ ಧೂಳು ಕಡಿಮಿ ಆಗ್ಯದರಿ. ಆದ್ರೂ ಕೆಮ್ಮ ಯಾಕ ನಿಲ್ಲವಲ್ದು?" ಚಿತ್ತಾಪುರದ ಓದುಗರೊಬ್ಬರ ಪ್ರಶ್ನೆಯಿದು. ಶಹಾಬಾದಿನ ಫರಸಿ ಕಲ್ಲು ಕೊಯ್ದು, ಪಾಲಿಶ್ ಮಾಡಿ ವರ್ಷಗಟ್ಟಲೆ ದುಡಿದವರು ಅವರು.

ಜೋಳದ ಹಿಟ್ಟು ಜರಡಿ ಹಿಡಿದರೆ ತರಿ ಮೇಲೆ ನಿಲ್ಲುತ್ತದೆ, ನುಣುಪು ಕೆಳಗಿಳಿಯುತ್ತದೆ. ನಮ್ಮ ಉಸಿರುದಾರಿಯೂ ಒಂದರ ಕೆಳಗೊಂದು ಇಟ್ಟ ಜರಡಿಗಳಂತೆಯೇ. ದಪ್ಪ ಕಣ ಮೂಗಿನಲ್ಲೇ ಸಿಕ್ಕಿಬೀಳುತ್ತದೆ. ನಡುವಿನದು ಶ್ವಾಸನಾಳದ ಲೋಳೆಗೆ ಅಂಟಿ ಕಫವಾಗಿ ಬರುತ್ತದೆ. 5 ಮೈಕ್ರಾನಿಗಿಂತ ಸಣ್ಣದು, ಅಂದರೆ ಕೂದಲಿನ ದಪ್ಪದ ಹತ್ತನೇ ಒಂದಂಶಕ್ಕಿಂತಲೂ ಕಿರಿದು, ಎಲ್ಲ ಜರಡಿ ದಾಟಿ ಪುಪ್ಪುಸದ ಗಾಳಿಗೂಡು ಸೇರುತ್ತದೆ. ಮೂಗಿಗೆ ಕಟ್ಟಿದ ಟವೆಲ್ಲಂತೂ ಅದಕ್ಕೆ ತೆರೆದ ಬಾಗಿಲು. 1 ಮೈಕ್ರಾನಿನ ಕಣ ನಿಂತ ಗಾಳಿಯಲ್ಲೂ ಆಳೆತ್ತರದಿಂದ ನೆಲಕ್ಕಿಳಿಯಲು ಗಂಟೆಗಳೇ ಬೇಕು. ಯಂತ್ರ ನಿಂತ ಮೇಲೂ ಉಸಿರಿನೊಂದಿಗೆ ಒಳಹೋಗುವುದು ಅದೇ.

ಈ ಫರಸಿಯೂ ಸುಣ್ಣಕಲ್ಲೇ; ಸೇಡಂ, ವಾಡಿ, ಚಿಂಚೋಳಿಯದೂ ಸುಣ್ಣಕಲ್ಲಿನ ಸೀಮೆ. "ಸುಣ್ಣ ತಾನೇ, ಏನಾಗುತ್ತದೆ?" ಎನ್ನುವ ಸಮಾಧಾನವನ್ನು ನಾನು ಒಪ್ಪುವುದಿಲ್ಲ. ಸುಣ್ಣದ ಅಂಶ ಪುಪ್ಪುಸದಲ್ಲಿ ಮೆಲ್ಲಗೆ ಕರಗಬಹುದು. ಕಲ್ಲಿನೊಳಗೆ ಬೆರೆತ ಸಿಲಿಕಾ ಕರಗುವುದಿಲ್ಲ. ರಕ್ಷಣಾ ಕೋಶ ಅದನ್ನು ನುಂಗಿ ಸಾಯುತ್ತದೆ. ಹೊರಬಿದ್ದ ಕಣವನ್ನು ಇನ್ನೊಂದು ಕೋಶ ನುಂಗುತ್ತದೆ, ಅದೂ ಸಾಯುತ್ತದೆ. ಹೀಗೆ ಪುಪ್ಪುಸ ಗಾಯದ ಕಲೆಯಿಂದ ಗಟ್ಟಿಯಾಗುತ್ತ ಹೋಗುವುದೇ ಸಿಲಿಕೋಸಿಸ್. ಅದಕ್ಕೆ ಗುಣವಿಲ್ಲ. ಕೆಲಸ ಬಿಟ್ಟ ಮೇಲೂ ಬೆಳೆಯಬಲ್ಲದು.

1700ರಲ್ಲೇ ಇಟಲಿಯ ವೈದ್ಯ ರಮಾಜ್ಜಿನಿ ಕಲ್ಲುಕುಟಿಗರ ಉಬ್ಬಸದ ಬಗ್ಗೆ ಬರೆದ, ರೋಗಿಗೆ "ನಿನ್ನ ಕಸುಬೇನು?" ಎಂದೂ ಕೇಳಬೇಕೆಂದು ವೈದ್ಯರಿಗೆ ಹೇಳಿದ. ನಮ್ಮಲ್ಲೇ ಕೋಲಾರ ಚಿನ್ನದ ಗಣಿಯಲ್ಲಿ 1940ರ ದಶಕದಲ್ಲಿ ಏಳೂವರೆ ಸಾವಿರಕ್ಕೂ ಹೆಚ್ಚು ಕಾರ್ಮಿಕರನ್ನು ಪರೀಕ್ಷಿಸಿದಾಗ ಶೇ 40ಕ್ಕೂ ಹೆಚ್ಚು ಮಂದಿಯಲ್ಲಿ ಸಿಲಿಕೋಸಿಸ್ ಕಂಡಿತು. 1948ರ ಕಾರ್ಖಾನೆ ಕಾಯ್ದೆ ಇದನ್ನು ಸರ್ಕಾರಕ್ಕೆ ತಿಳಿಸಲೇಬೇಕಾದ ಕಾಯಿಲೆಗಳ ಪಟ್ಟಿಗೆ ಸೇರಿಸಿತು.

ಆದರೂ ಎಕ್ಸ್-ರೇಯಲ್ಲಿ ಇದು ಕ್ಷಯದಂತೆಯೇ ಕಾಣಬಹುದು, ಇದಿದ್ದವರಿಗೆ ಕ್ಷಯವೂ ಬೇಗ ತಗಲುತ್ತದೆ. ಕಸುಬು ಕೇಳದ ವೈದ್ಯರು ಟಿಬಿ ಮಾತ್ರೆ ಬರೆದು ಕಳಿಸುತ್ತಾರೆ. ಸಾಮಾನ್ಯವಾಗಿ ಹತ್ತಾರು ವರ್ಷದ ಮೇಲೆ ತೋರುವ ರೋಗವಿದು. ಅಷ್ಟರಲ್ಲಿ ಗುತ್ತಿಗೆದಾರ ಬದಲಾಗಿರುತ್ತಾನೆ, ಹಾಜರಿ ಪುಸ್ತಕ ಕಾಣೆಯಾಗಿರುತ್ತದೆ. ಕಾರ್ಮಿಕನ ಹೋರಾಟ ಕಗ್ಗಂಟಾಗುವುದು ಇಲ್ಲೇ: ರೋಗ ಎದೆಯಲ್ಲಿದೆ, ಅದು ಎಲ್ಲಿಂದ ಬಂತೆನ್ನುವ ಕಾಗದ ಎಲ್ಲೂ ಇಲ್ಲ.

ಚಿತ್ತಾಪುರದ ಓದುಗರಿಗೆ ನನ್ನ ಮಾತು ಇಷ್ಟು: ದವಾಖಾನೆಗೆ ಹೋದಾಗ ಡಾಕ್ಟರು ಕೇಳದಿದ್ದರೂ ಎಷ್ಟು ವರ್ಷ, ಯಾವ ಯಂತ್ರದ ಮುಂದೆ ನಿಂತಿರೆಂದು ಹೇಳಿ, ಚೀಟಿಯಲ್ಲಿ ಬರೆಸಿಕೊಳ್ಳಿ. ಇನ್ನೂ ದುಡಿಯುವವರು ಕಲ್ಲು ಕೊಯ್ಯುವಾಗ ನೀರು ಬಿಡಲು ಒತ್ತಾಯಿಸಲಿ. ಕಣ ಒದ್ದೆಯಾದರೆ ಗಾಳಿಗೇರುವುದು ಬಹಳ ಕಡಿಮೆ.